ನಲವತ್ತೆರಡಲ್ಲ, ಮೂವತ್ತೊಂಬತ್ತು

ಅಡಿಕೆ ಮರವೇರಿ ಕೊನೆ, ಅಂದರೆ ಗೊನೆ, ಇಳಿಸುವವನನ್ನು ನಮ್ಮ ಕಡೆ ಕೊನೆಗೌಡ ಎನ್ನುತ್ತಾರೆ. ನಲವತ್ತು ಅಡಿ ಎತ್ತರದಲ್ಲಿ ಮರದಿಂದ ಮರಕ್ಕೆ ದಾಟುತ್ತಿದ್ದವನು ಸತ್ತದ್ದು ಡಾಂಬರು ರಸ್ತೆಯ ಮೇಲೆ. 2024ರ ಜನವರಿಯ ಒಂದು ಸಂಜೆ ಪಕ್ಕದ ಮನೆಯವರ ಬೈಕಿನ ಹಿಂದೆ ಕುಳಿತು ಬರುತ್ತಿದ್ದಾಗ ತಿರುವಿನಲ್ಲಿ ಲಾರಿ ಬಡಿಯಿತು. ಮನೆಯಲ್ಲಿ ಉಳಿದವರು ಹೆಂಡತಿ, ಇಬ್ಬರು ಮಕ್ಕಳು ಮತ್ತು ತಾಯಿ.

ಅವನ ಹೆಂಡತಿ ಶಿರಸಿಯ ನನ್ನ ವಕೀಲಿ ಕಚೇರಿಗೆ ಬಂದಾಗ ಮೂರು ತಿಂಗಳು ಕಳೆದಿತ್ತು. ಅಷ್ಟರಲ್ಲಿ ಮಧ್ಯವರ್ತಿಯೊಬ್ಬ ಎರಡು ಸಲ ಮನೆಗೆ ಹೋಗಿ, ‘ಐದು ಲಕ್ಷ ಬೇಗ ಸಿಗುತ್ತದೆ, ಸಹಿ ಹಾಕಿ’ ಎಂದಿದ್ದ. ಮೋಟಾರು ವಾಹನ ಕಾಯ್ದೆಯ 164ನೇ ಕಲಂ ಪ್ರಕಾರ ಯಾರ ತಪ್ಪೆಂದು ಸಾಬೀತುಪಡಿಸದೆಯೂ ಸಾವಿಗೆ ಐದು ಲಕ್ಷ ಸಿಗುವುದು ನಿಜ. ಆದರೆ ಅದನ್ನು ಒಪ್ಪಿಕೊಂಡರೆ 166ನೇ ಕಲಮಿನ ಪೂರ್ಣ ಪರಿಹಾರದ ದಾರಿ ಮುಚ್ಚಿಹೋಗುತ್ತದೆ. ಅದನ್ನು ಆತ ಹೇಳಿರಲಿಲ್ಲ. 2022ರ ಏಪ್ರಿಲ್‌ನಲ್ಲಿ ಜಾರಿಗೆ ಬಂದ ನಿಯಮದಂತೆ 166ರ ಅರ್ಜಿಗೆ ಅಪಘಾತದ ದಿನದಿಂದ ಆರು ತಿಂಗಳ ಗಡುವು ಬೇರೆ. ಎಫ್‌ಐಆರ್, ಸ್ಥಳ ಮಹಜರು, ಮರಣೋತ್ತರ ಪರೀಕ್ಷೆಯ ವರದಿ, ದೋಷಾರೋಪ ಪಟ್ಟಿ, ಲಾರಿಯ ವಿಮೆಯ ಪ್ರತಿ ಎಲ್ಲವನ್ನೂ ಕೂಡಿಸಿ ಅವಸರದಲ್ಲೇ ಅರ್ಜಿ ಹಾಕಿದೆ. ವಯಸ್ಸಿನ ಜಾಗದಲ್ಲಿ ಆಧಾರ್ ಕಾರ್ಡ್ ನೋಡಿ 42 ಎಂದು ಬರೆದೆ. ಎಡವಿದ್ದು ಅಲ್ಲೇ.

ಕಾರ್ಡಿನಲ್ಲಿದ್ದ ಜನ್ಮದಿನಾಂಕ 1982ರ ಜನವರಿ 1. ಕಾರ್ಡುಗಳನ್ನು ನಂಬಿದರೆ ನಮ್ಮ ಹಳ್ಳಿಗಳಲ್ಲಿ ಅರ್ಧ ಊರು ಜನವರಿ ಒಂದರಂದೇ ಹುಟ್ಟಿದೆ. ಇಷ್ಟು ವರ್ಷ ವಕೀಲಿಕೆ ಮಾಡಿದವನಿಗೆ ಅದು ಹೊಳೆಯಬೇಕಿತ್ತು, ಹೊಳೆಯಲಿಲ್ಲ. ಕಚೇರಿಯ ಬೆಂಚಿನ ಮೇಲೆ ಕುಳಿತಿದ್ದ ಅವನ ತಾಯಿ ಒಂದು ದಿನ ತನ್ನಷ್ಟಕ್ಕೇ, ‘ಇಂದಿರಾ ಗಾಂಧಿ ಸತ್ತಾಗ ಇವನು ನಾಲ್ಕು ತಿಂಗಳ ಕೂಸು’ ಎಂದರು. ನಾನು ಪೆನ್ನು ಕೆಳಗಿಟ್ಟೆ.

ಅವನು ಏಳನೆಯ ತರಗತಿಯವರೆಗೆ ಓದಿದ ಸರ್ಕಾರಿ ಶಾಲೆಗೆ ಮರುದಿನವೇ ಹೋದೆ. ದಾಖಲಾತಿ ಪುಸ್ತಕದ ಅಂಚು ಗೆದ್ದಲು ತಿಂದಿತ್ತು, ಸಾಲು ಉಳಿದಿತ್ತು: 12-6-1984. (ಶಾಲೆಗಳಲ್ಲಿ ಅಂದಾಜಿಗೆ ಬರೆಯುವ ಜೂನ್ ಒಂದು ಎಂದಿದ್ದರೆ ನಾನೇ ಅನುಮಾನಿಸುತ್ತಿದ್ದೆ.) ಅಂದರೆ ಸಾಯುವಾಗ ವಯಸ್ಸು ಮೂವತ್ತೊಂಬತ್ತು.

ಮೂರು ವರ್ಷದ ವ್ಯತ್ಯಾಸ ಎಷ್ಟು ದೊಡ್ಡದೆಂದು ಲೆಕ್ಕ ಹಾಕಿದರೆ ಮಾತ್ರ ತಿಳಿಯುತ್ತದೆ. ಸುಪ್ರೀಂ ಕೋರ್ಟಿನ 2009ರ ಸರಳಾ ವರ್ಮಾ ತೀರ್ಪಿನ ಪಟ್ಟಿಯಲ್ಲಿ 36ರಿಂದ 40ರ ವಯಸ್ಸಿಗೆ ಗುಣಕ (ಒಂದು ವರ್ಷದ ನಷ್ಟವನ್ನು ಗುಣಿಸುವ ಸಂಖ್ಯೆ) 15, 41ರಿಂದ 45ಕ್ಕೆ 14. 2017ರ ಪ್ರಣಯ್ ಸೇಠಿ ತೀರ್ಪಿನಂತೆ ಸ್ವಂತ ದುಡಿಮೆಯವನ ಆದಾಯಕ್ಕೆ ಮುಂದಿನ ಏಳಿಗೆಯ ಬಾಬ್ತು ನಲವತ್ತರೊಳಗಾದರೆ ಶೇ. 40 ಸೇರುತ್ತದೆ, ದಾಟಿದರೆ ಶೇ. 25. ತಿಂಗಳಿಗೆ 18,000 ರೂಪಾಯಿ ಹಿಡಿದು, ಅವಲಂಬಿತರು ನಾಲ್ವರಾದ್ದರಿಂದ ಅವನ ಸ್ವಂತ ಖರ್ಚಿಗೆಂದು ಕಾಲುಭಾಗ ಕಳೆದರೆ, 42ಕ್ಕೆ ಬರುವುದು 28,35,000. 39ಕ್ಕೆ 34,02,000. ನನ್ನ ಅವಸರದ ಬೆಲೆ 5,67,000 ರೂಪಾಯಿ.

ಅರ್ಜಿ ತಿದ್ದುಪಡಿ ಕೇಳಿದೆ. ‘ಆಧಾರ್ ಕೊಟ್ಟವರು ಅರ್ಜಿದಾರರೇ’ ಎಂದು ವಿಮಾ ಕಂಪನಿಯ ವಕೀಲರು ತಕರಾರು ತೆಗೆದರು. ಅವರ ಜಾಗದಲ್ಲಿದ್ದರೆ ನಾನೂ ತೆಗೆಯುತ್ತಿದ್ದೆ. ಮುಖ್ಯೋಪಾಧ್ಯಾಯರು ಪುಸ್ತಕ ಹಿಡಿದು ಬಂದು ಸಾಕ್ಷಿ ನುಡಿದರು. ಪ್ರಕರಣ ನಡೆಯುತ್ತಿದ್ದಾಗಲೇ, 2024ರ ಅಕ್ಟೋಬರ್‌ನಲ್ಲಿ, ಇಂಥದೇ ಒಂದು ಅಪಘಾತದ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಆಧಾರ್ ಗುರುತಿನ ದಾಖಲೆಯೇ ಹೊರತು ಜನ್ಮದಿನಾಂಕದ ಪುರಾವೆಯಲ್ಲ ಎಂದು ಶಾಲೆಯ ಪ್ರಮಾಣಪತ್ರವನ್ನೇ ಎತ್ತಿಹಿಡಿಯಿತು. ತೀರ್ಪಿನ ಪ್ರತಿಯನ್ನು ಆ ವಾರವೇ ಕಡತಕ್ಕೆ ಸೇರಿಸಿದೆ.

ಆದಾಯದ್ದು ಇನ್ನೊಂದು ಕಥೆ. ಕೊನೆಗೌಡನಿಗೆ ಸಂಬಳದ ಚೀಟಿ ಎಲ್ಲಿಯದು? ಇಬ್ಬರು ತೋಟಿಗರು ಕೂಲಿ ಲೆಕ್ಕದ ನೋಟುಪುಸ್ತಕ ತಂದು ಕಟಕಟೆ ಹತ್ತಿದರು. ಪಾಟೀ ಸವಾಲಿನಲ್ಲಿ ಹೆಂಡತಿಗೆ ಕೇಳಿದ್ದು ಇದು: ‘ಕೊಯ್ಲು ಇರುವುದು ವರ್ಷದಲ್ಲಿ ಕೆಲವೇ ತಿಂಗಳು. ಮಳೆಗಾಲದಲ್ಲಿ ನಿಮ್ಮ ಗಂಡ ಖಾಲಿ ಕುಳಿತಿರುತ್ತಿದ್ದರಲ್ಲವೇ?’

‘ಮಳೆಗಾಲದಲ್ಲಿ ಊಟಕ್ಕೂ ಬಿಡುವಿರಲಿಲ್ಲ. ಅಡಿಕೆಯ ಕೊಳೆರೋಗಕ್ಕೆ ಔಷಧಿ ಹೊಡೆಯುವವರು ಮತ್ತೆ ಯಾರು ಸ್ವಾಮಿ? ಮಳೆ ತಾಗದಂತೆ ಕೊನೆಗೆ ಕೊಟ್ಟೆ ಕಟ್ಟುವವರು ಯಾರು?’

ಈ ಉತ್ತರವನ್ನು ನಾನು ಹೇಳಿಕೊಟ್ಟಿರಲಿಲ್ಲ. ನ್ಯಾಯಾಧೀಶರು ಬರೆಸಿಕೊಂಡರು, ಆದಾಯ 18,000 ಎಂದೇ ಹಿಡಿದರು. ವಯಸ್ಸು 39 ಎಂದಾಯಿತು. ಸಾಂಗತ್ಯ ನಷ್ಟಕ್ಕೆ ನಾಲ್ವರಿಗೂ ತಲಾ 48,400, ಅಂತ್ಯಕ್ರಿಯೆಗೆ ಹಾಗೂ ಆಸ್ತಿ ನಷ್ಟಕ್ಕೆ (ಅವನು ಬದುಕಿದ್ದರೆ ವಾರಸುದಾರರಿಗೆ ಉಳಿಸುತ್ತಿದ್ದುದರ ಬಾಬ್ತು) 18,150ರಂತೆ ಸೇರಿ ಒಟ್ಟು 36,31,900 ರೂಪಾಯಿ, ಅದರ ಮೇಲೆ ಶೇ. 6ರ ಬಡ್ಡಿ.

ಮಕ್ಕಳ ಪಾಲನ್ನು ಹದಿನೆಂಟು ತುಂಬುವವರೆಗೆ ಬ್ಯಾಂಕಿನಲ್ಲಿ ಠೇವಣಿ ಇಡಬೇಕೆಂದು ಆದೇಶವಾಗಿತ್ತು. ಅದರ ಕಾಗದ ತುಂಬಲು ಬಂದ ದಿನ ಆಕೆ ಮಗನ ಆಧಾರ್ ಕಾರ್ಡ್, ಜನನ ಪ್ರಮಾಣಪತ್ರ ಎರಡನ್ನೂ ಮೇಜಿನ ಮೇಲೆ ಜೊತೆಗಿಟ್ಟರು. ‘ತಾರೀಖು ಎರಡರಲ್ಲೂ ಒಂದೇ ಇದೆಯೇ, ಮೊದಲು ನೋಡಿ ವಕೀಲರೇ’ ಎಂದರು.