ಕಿವಿಯಲ್ಲೇ ಬಾಸ್ಕೆಟ್‌ಬಾಲ್: ನೇರ ಪಂದ್ಯ ಕೇಳುವುದು ಹೇಗೆ?

ರೇಡಿಯೊ ಆ್ಯಪ್ ತೆರೆದು ‘ಬಾಸ್ಕೆಟ್‌ಬಾಲ್’ ಎಂದು ಹುಡುಕುತ್ತೀರಿ. ಕ್ರೀಡಾ ಕೇಂದ್ರವೊಂದು ಸಿಗುತ್ತದೆ. ಪಂದ್ಯದ ಹೊತ್ತಿಗೆ ಸರಿಯಾಗಿ ಒತ್ತಿದರೆ ಇಬ್ಬರು ಕೂತು ಇನ್ಯಾವುದೋ ಆಟದ ಬಗ್ಗೆ ಹರಟುತ್ತಿರುತ್ತಾರೆ! ಅದೇ ಕೇಂದ್ರವನ್ನು ಅದೇ ಕ್ಷಣದಲ್ಲಿ ಆ ಊರಿನ ರೇಡಿಯೊ ಸೆಟ್‌ನಲ್ಲಿ ಹಾಕಿದವರಿಗೆ ಮಾತ್ರ ಪಂದ್ಯ ಕೇಳಿಸುತ್ತಿರುತ್ತದೆ.

ಆ್ಯಪ್ ಕೆಟ್ಟಿಲ್ಲ, ನಿಮ್ಮ ಫೋನೂ ಕೆಟ್ಟಿಲ್ಲ. ಇದು ಪ್ರಸಾರದ ಹಕ್ಕಿನ ವಿಚಾರ. ಗಾಳಿಯಲ್ಲಿ ಪಂದ್ಯ ಬಿತ್ತರಿಸುವ ಹಕ್ಕನ್ನು ತಂಡವೊಂದು ತನ್ನ ಊರಿನ ಕೇಂದ್ರಕ್ಕೆ ಕೊಟ್ಟಿರುತ್ತದೆ. ಇಂಟರ್ನೆಟ್‌ನಲ್ಲಿ ಕೇಳಿಸುವ ಹಕ್ಕು ಬಹಳ ಸಲ ಲೀಗ್‌ನ ಕೈಯಲ್ಲೇ ಇರುತ್ತದೆ. ಹಾಗಾಗಿ ಪಂದ್ಯ ಶುರುವಾದ ಕೂಡಲೇ ಕೇಂದ್ರದವರು ಆನ್‌ಲೈನ್ ಸ್ಟ್ರೀಮ್‌ಗೆ ಬೇರೆ ಕಾರ್ಯಕ್ರಮ ಜೋಡಿಸುತ್ತಾರೆ. ಇಷ್ಟು ತಿಳಿದರೆ ಅರ್ಧ ಕೆಲಸ ಆದಂತೆ.

ಕೇಂದ್ರವನ್ನಲ್ಲ, ತಂಡವನ್ನು ಹಿಡಿಯಿರಿ

ಮೊದಲು ಯಾವ ಪಂದ್ಯ ಬೇಕೆಂದು ಗೊತ್ತುಮಾಡಿಕೊಳ್ಳಿ. ಆಮೇಲೆ ಆ ಎರಡು ತಂಡಗಳ ಅಧಿಕೃತ ವೆಬ್‌ಸೈಟ್‌ಗೆ ಹೋಗಿ ವೇಳಾಪಟ್ಟಿಯ ಪುಟ ತೆರೆಯಿರಿ. ಸಾಮಾನ್ಯವಾಗಿ ಪಂದ್ಯದ ಪಕ್ಕದಲ್ಲೇ ಟಿವಿ ಚಾನೆಲ್ ಮತ್ತು ರೇಡಿಯೊ ಕೇಂದ್ರದ ಹೆಸರು ಇರುತ್ತದೆ. ತಂಡದ ಮುಖ್ಯ ಕೇಂದ್ರದ ಜೊತೆಗೆ ಸುತ್ತಲಿನ ಊರುಗಳ ಸಣ್ಣ ಕೇಂದ್ರಗಳ ಪಟ್ಟಿಯೂ ಹಲವು ತಂಡಗಳ ಪುಟದಲ್ಲಿ ಸಿಗುತ್ತದೆ. ಸುಮ್ನೆ ಆ್ಯಪ್‌ನಲ್ಲಿ ಹುಡುಕುತ್ತಾ ಕೂರುವುದಕ್ಕಿಂತ ಇದು ಬೇಗ ಆಗುವ ಕೆಲಸ.

ಹಳೆಯ ಪಟ್ಟಿಗಳನ್ನು ನಂಬಬೇಡಿ. ಹಕ್ಕಿನ ಒಪ್ಪಂದಗಳು ಬದಲಾಗುತ್ತಾ ಇರುತ್ತವೆ. ಹೋದ ಸೀಸನ್‌ನಲ್ಲಿ ಪಂದ್ಯ ಕೊಟ್ಟ ಕೇಂದ್ರ ಈ ಸಲ ಕೊಡದೇ ಇರಬಹುದು.

ಯಾರ ದನಿ ಬೇಕು?

ಒಂದೇ ಪಂದ್ಯಕ್ಕೆ ಎರಡು ಮೂರು ಕಾಮೆಂಟರಿ ಇರುತ್ತವೆ. ಆತಿಥೇಯ ತಂಡದ್ದು ಒಂದು, ಎದುರಾಳಿ ತಂಡದ್ದು ಒಂದು. ದೊಡ್ಡ ಪಂದ್ಯವಾದರೆ ದೇಶಕ್ಕೆಲ್ಲ ಬಿತ್ತರಿಸುವ ಮೂರನೆಯದೂ ಇರುತ್ತದೆ. ಅಮೆರಿಕದ ದೊಡ್ಡ ವೃತ್ತಿಪರ ಲೀಗ್ ಆದ ಎನ್‌ಬಿಎಯ ಫೈನಲ್ಸ್ ಅನ್ನು 90ರ ದಶಕದಿಂದ ಇಎಸ್‌ಪಿಎನ್ ರೇಡಿಯೊ ಹೀಗೆ ಅಮೆರಿಕಕ್ಕೆಲ್ಲ ಕೇಳಿಸುತ್ತಾ ಬಂದಿದೆ.

ನನ್ನ ಮಟ್ಟಿಗೆ ತಂಡದ ಸ್ವಂತ ದನಿಯೇ ರುಚಿ. ಅವರಿಗೆ ಬೆಂಚಿನ ಕೊನೆಯಲ್ಲಿ ಕೂತ ಆಟಗಾರನ ಮಂಡಿನೋವೂ ಗೊತ್ತಿರುತ್ತದೆ. ಪಕ್ಷಪಾತ ಇರುತ್ತದೆ, ಇರಲಿ ಬಿಡಿ. ಬಾಸ್ಟನ್ ಸೆಲ್ಟಿಕ್ಸ್‌ನ ಕಾಮೆಂಟೇಟರ್ ಜಾನಿ ಮೋಸ್ಟ್ ಪಕ್ಷಪಾತವನ್ನು ಮುಚ್ಚಿಟ್ಟವರೇ ಅಲ್ಲ. 1965ರ ಪ್ಲೇಆಫ್‌ನಲ್ಲಿ ಫಿಲಡೆಲ್ಫಿಯಾ ವಿರುದ್ಧ ಕೊನೆಯ ಸೆಕೆಂಡುಗಳಲ್ಲಿ ಸೆಲ್ಟಿಕ್ಸ್ ಆಟಗಾರ ಜಾನ್ ಹ್ಯಾವ್ಲಿಚೆಕ್ ಚೆಂಡು ಕಸಿದಾಗ ಗಂಟಲು ಹರಿಯುವಂತೆ ಕೂಗಿದ ಅವರ ದನಿಯನ್ನು ಜನ ಇಂದಿಗೂ ಹುಡುಕಿಕೊಂಡು ಕೇಳುತ್ತಾರೆ. ಲಾಸ್ ಏಂಜಲಿಸ್ ಲೇಕರ್ಸ್‌ನ ಚಿಕ್ ಹರ್ನ್ 1965ರಿಂದ 2001ರವರೆಗೆ ಒಂದನ್ನೂ ಬಿಡದೆ ಸತತ 3,338 ಪಂದ್ಯಗಳಿಗೆ ಕಾಮೆಂಟರಿ ಕೊಟ್ಟರು. ಚೆಂಡನ್ನು ಬುಟ್ಟಿಯೊಳಕ್ಕೆ ಜೋರಾಗಿ ತುರುಕುವುದಕ್ಕೆ ಹೇಳುವ ‘ಸ್ಲ್ಯಾಮ್ ಡಂಕ್’ ಎಂಬ ಮಾತು ಬಳಕೆಗೆ ಬಂದಿದ್ದು ಅವರ ಬಾಯಿಂದ ಎನ್ನುತ್ತಾರೆ.

ಒಂದು ಎಚ್ಚರಿಕೆ. ಕೆಲವು ತಂಡಗಳು ಟಿವಿಯ ಕಾಮೆಂಟರಿಯನ್ನೇ ರೇಡಿಯೊಗೂ ಕೊಡುತ್ತವೆ. ಹರ್ನ್ ಅವರಂಥ ಮಾತುಗಾರ ಎರಡಕ್ಕೂ ಒಟ್ಟಿಗೆ ಹೇಳಿ ಗೆದ್ದಿದ್ದು ನಿಜ, ಆದರೆ ಎಲ್ಲರಿಗೂ ಅದು ಆಗುವುದಿಲ್ಲ. ಟಿವಿಯವರು ‘ನೋಡಿ, ಎಂಥಾ ಪಾಸ್!’ ಎಂದು ಸುಮ್ಮನಾಗುತ್ತಾರೆ. ಕೇಳುವವರು ಏನನ್ನು ನೋಡಬೇಕು? ಹಾಗಿದ್ದರೆ ಎದುರು ತಂಡದ ರೇಡಿಯೊಗೆ ಹೋಗಿ.

ಆನ್‌ಲೈನ್ ದಾರಿಗಳು

ಎನ್‌ಬಿಎ ಪಂದ್ಯಕ್ಕೆ ಲೀಗ್‌ನ ಸ್ವಂತ ಆ್ಯಪ್ ನೇರವಾದ ದಾರಿ. ಆ್ಯಪ್‌ನಲ್ಲಿ ಖಾತೆ ತೆರೆದು, ಆ ದಿನದ ಪಂದ್ಯದ ಪುಟಕ್ಕೆ ಹೋಗಿ. ವಿಡಿಯೊ ಆಯ್ಕೆಗಳ ಆಸುಪಾಸಿನಲ್ಲೇ ಆಡಿಯೊ ಆಯ್ಕೆಗಳನ್ನು ಹುಡುಕಿ. ಎರಡೂ ತಂಡಗಳ ರೇಡಿಯೊ ಇದ್ದರೆ ಅಲ್ಲೇ ಆರಿಸಿಕೊಳ್ಳಬಹುದು. ಯಾವುದು ಉಚಿತ, ಯಾವುದಕ್ಕೆ ಚಂದಾ ಎನ್ನುವುದು ದೇಶಕ್ಕೂ ಸೀಸನ್‌ಗೂ ತಕ್ಕಂತೆ ಬದಲಾಗುತ್ತದೆ. ದುಡ್ಡು ಕಟ್ಟುವ ಮುಂಚೆ ಆ ಯೋಜನೆಯಲ್ಲಿ ಆಡಿಯೊ ಸೇರಿದೆಯೇ ಎಂದು ಓದಿಕೊಳ್ಳಿ. ಅಮೆರಿಕ ಮತ್ತು ಕೆನಡಾದಲ್ಲಿ ಇರುವವರಿಗೆ ಸಿರಿಯಸ್‌ಎಕ್ಸ್‌ಎಂ ಎಂಬ ಉಪಗ್ರಹ ರೇಡಿಯೊ ಕೂಡ ಇದೆ. ಚಂದಾ ಕಟ್ಟಿದರೆ ಕಾರಿನಲ್ಲೂ ಫೋನಿನಲ್ಲೂ ಕೇಳಬಹುದು.

ಅಮೆರಿಕದ ಕಾಲೇಜು ಪಂದ್ಯಗಳು ಈ ವಿಷಯದಲ್ಲಿ ಜಾಸ್ತಿ ಉದಾರ. ವಾರ್ಸಿಟಿ ನೆಟ್‌ವರ್ಕ್ ಎಂಬ ಆ್ಯಪ್‌ನಲ್ಲಿ ಬಹಳಷ್ಟು ವಿಶ್ವವಿದ್ಯಾಲಯಗಳ ಪಂದ್ಯಗಳನ್ನು ಉಚಿತವಾಗಿ ಕೇಳಬಹುದು. ಮಾರ್ಚ್‌ನಲ್ಲಿ ಶುರುವಾಗುವ 68 ತಂಡಗಳ ಪುರುಷರ ಟೂರ್ನಿಗೆ ವೆಸ್ಟ್‌ವುಡ್ ಒನ್ ರೇಡಿಯೊ ಜಾಲದ ಕಾಮೆಂಟರಿ ಇರುತ್ತದೆ. ಸಣ್ಣ ಕಾಲೇಜುಗಳ ಪಂದ್ಯಗಳಿಗೆ ವಿದ್ಯಾರ್ಥಿಗಳೇ ನಡೆಸುವ ರೇಡಿಯೊಗಳಿವೆ. ಅಲ್ಲಿ ತಡವರಿಕೆ ಇರುತ್ತದೆ, ಉತ್ಸಾಹಕ್ಕೆ ಮಾತ್ರ ಕೊರತೆ ಇಲ್ಲ.

ಬೇರೆ ದೇಶಗಳ ಲೀಗ್‌ಗಳಿಗೂ ಇದೇ ಸೂತ್ರ. ಮೊದಲು ಲೀಗ್‌ನ ಪುಟ, ಆಮೇಲೆ ಕ್ಲಬ್‌ನ ಪುಟ. ಆಡಿಯೊ ಬೇರೆಯಾಗಿ ಇಲ್ಲದಿದ್ದರೆ ವಿಡಿಯೊ ಸ್ಟ್ರೀಮನ್ನೇ ತೀರಾ ಕಡಿಮೆ ಗುಣಮಟ್ಟಕ್ಕೆ ಇಳಿಸಿ, ಫೋನನ್ನು ಮಗುಚಿ ಇಟ್ಟು ಕೇಳಬಹುದು. ಬಡವರ ರೇಡಿಯೊ ಅಂದುಕೊಳ್ಳಿ.

ಡೇಟಾ ಲೆಕ್ಕ ಸುಲಭ. ಸೆಕೆಂಡಿಗೆ 64 ಕಿಲೋಬಿಟ್‌ನ ಆಡಿಯೊವನ್ನು ಎರಡೂವರೆ ಗಂಟೆ ಕೇಳಿದರೆ ಸುಮಾರು 72 ಎಂಬಿ ಆಗುತ್ತದೆ. ಅಷ್ಟೇ ಹೊತ್ತು 3 ಮೆಗಾಬಿಟ್‌ನ ವಿಡಿಯೊ ನೋಡಿದರೆ 3 ಜಿಬಿ ದಾಟುತ್ತದೆ.

‘ಎಲ್ಲ ಪಂದ್ಯ ಉಚಿತ’ ಎನ್ನುವ ಗೊತ್ತುಗುರಿ ಇಲ್ಲದ ತಾಣಗಳ ಕಡೆ ತಲೆ ಹಾಕಬೇಡಿ. ಪ್ಲೇ ಒತ್ತಿದ ಕೂಡಲೇ ಏನೋ ಇನ್‌ಸ್ಟಾಲ್ ಮಾಡಿ ಅನ್ನುತ್ತಾರೆ, ಇಲ್ಲವೇ ‘ಉಚಿತ ಖಾತೆ’ಗೆ ಕಾರ್ಡ್ ನಂಬರ್ ಕೇಳುತ್ತಾರೆ. ಉಚಿತಕ್ಕೆ ಕಾರ್ಡ್ ಯಾಕೆ ಬೇಕು, ಅಲ್ವಾ?

ರೇಡಿಯೊ ಸೆಟ್ ಇದ್ದರೆ

ಪಂದ್ಯ ಬಿತ್ತರಿಸುವ ಕೇಂದ್ರದ ವ್ಯಾಪ್ತಿಯಲ್ಲಿ ನೀವಿದ್ದರೆ ಇದಕ್ಕಿಂತ ಸುಲಭ ಬೇರೆ ಇಲ್ಲ. ಖಾತೆ ಬೇಡ, ಪಾಸ್‌ವರ್ಡ್ ಬೇಡ, ತಡವೂ ಇಲ್ಲವೇ ಇಲ್ಲ ಎನ್ನುವಷ್ಟು ಕಡಿಮೆ.

ಎಫ್‌ಎಂ ಆದರೆ ಏರಿಯಲ್ ಪೂರ್ತಿ ಎಳೆದು ಕಿಟಕಿ ಪಕ್ಕ ಇಡಿ. ಎಫ್‌ಎಂ ಅಲೆ ಹೆಚ್ಚುಕಡಿಮೆ ನೇರ ಗೆರೆಯಲ್ಲಿ ಹೋಗುತ್ತದೆ. ಗುಡ್ಡವೋ ದೊಡ್ಡ ಕಟ್ಟಡವೋ ಅಡ್ಡ ಬಂದರೆ ಅಲ್ಲಿಗೆ ಮುಗಿಯಿತು.

ಮಜಾ ಇರುವುದು ಎಎಂನಲ್ಲಿ, ಅಂದರೆ ಹಳೆಯ ಸೆಟ್‌ಗಳ ಮೀಡಿಯಂ ವೇವ್‌ನಲ್ಲಿ. ಹಗಲು ಹೊತ್ತು ಬಿಸಿಲಿನಿಂದಾಗಿ ಸುಮಾರು 60ರಿಂದ 90 ಕಿಲೋಮೀಟರ್ ಎತ್ತರದಲ್ಲಿ ಒಂದು ಪದರ ಹುಟ್ಟಿ, ಮೇಲಕ್ಕೆ ಹೋದ ಎಎಂ ಅಲೆಗಳನ್ನು ನುಂಗಿಬಿಡುತ್ತದೆ. ಕತ್ತಲಾದ ಮೇಲೆ ಆ ಪದರ ಕರಗುತ್ತದೆ. ಆಗ ಅಲೆಗಳು ಇನ್ನೂ ಮೇಲಿನ ಪದರಕ್ಕೆ ಬಡಿದು ನೂರಾರು ಕಿಲೋಮೀಟರ್ ಆಚೆ ನೆಲಕ್ಕೆ ಇಳಿಯುತ್ತವೆ. ಕ್ಲೀವ್‌ಲ್ಯಾಂಡ್ ಕ್ಯಾವಲಿಯರ್ಸ್ ಪಂದ್ಯ ಕೊಡುತ್ತಾ ಬಂದಿರುವ ಡಬ್ಲ್ಯುಟಿಎಎಂ 1100 ಕಿಲೋಹರ್ಟ್ಸ್‌ನಲ್ಲಿದೆ. ಸ್ಯಾನ್ ಆಂಟೋನಿಯೊ ಸ್ಪರ್ಸ್‌ಗೆ ಹೆಸರಾದ ಡಬ್ಲ್ಯುಒಎಐ 1200ರಲ್ಲಿದೆ. ಎರಡೂ 50,000 ವ್ಯಾಟ್‌ನ ಕೇಂದ್ರಗಳು. ರಾತ್ರಿ ಹೊತ್ತು ಹಲವು ರಾಜ್ಯಗಳಾಚೆಗೂ ಕೇಳಿಸುತ್ತವೆ. ಎನ್‌ಬಿಎ ಸೀಸನ್ ಅಕ್ಟೋಬರ್‌ನಿಂದ ಶುರುವಾಗಿ ಚಳಿಗಾಲವಿಡೀ ನಡೆಯುತ್ತದೆ. ರಾತ್ರಿ ಉದ್ದ ಇರುವ ಆ ತಿಂಗಳುಗಳೇ ಎಎಂಗೂ ಒಳ್ಳೆಯ ಕಾಲ. ಎಲ್ಲ ಕೇಂದ್ರಗಳೂ ಹೀಗಲ್ಲ. ಸಂಜೆಯಾದರೆ ಅನೇಕ ಸಣ್ಣ ಕೇಂದ್ರಗಳು ನಿಯಮದಂತೆ ಶಕ್ತಿ ತಗ್ಗಿಸಬೇಕು. ಮೊದಲ ಕ್ವಾರ್ಟರ್‌ನಲ್ಲಿ ಗಟ್ಟಿಯಾಗಿದ್ದ ದನಿ ಹಾಫ್‌ಟೈಮ್ ಹೊತ್ತಿಗೆ ಸೊರಗಿದರೆ ಸೆಟ್ಟಿಗೆ ಬೈಯಬೇಡಿ.

ದನಿ ಸರಿಮಾಡುವ ಬಗೆ ಹೀಗೆ. ಎಎಂಗೆ ಹೊರಗಿನ ಕಡ್ಡಿ ಏರಿಯಲ್ ಕೆಲಸಕ್ಕೆ ಬರುವುದಿಲ್ಲ. ಸೆಟ್‌ನ ಒಳಗೆ, ಸಾಮಾನ್ಯವಾಗಿ ಉದ್ದಕ್ಕೆ, ತಂತಿ ಸುತ್ತಿದ ಒಂದು ಫೆರೈಟ್ ಕಡ್ಡಿ ಇರುತ್ತದೆ, ಎಎಂಗೆ ಅದೇ ಏರಿಯಲ್. ಅದರ ತುದಿ ಕೇಂದ್ರದ ಕಡೆ ಇದ್ದರೆ ದನಿ ಕ್ಷೀಣ, ಅದರ ಮಗ್ಗುಲು ಕೇಂದ್ರದ ಕಡೆ ಇದ್ದರೆ ಜೋರು. ಆದ್ದರಿಂದ ಸೆಟ್ಟನ್ನು ಮೇಜಿನ ಮೇಲಿಟ್ಟು ನಿಧಾನವಾಗಿ ತಿರುಗಿಸಿ. ಒಂದು ಕೋನದಲ್ಲಿ ದನಿ ಎದ್ದು ನಿಲ್ಲುತ್ತದೆ. ಅದೇ ಆವರ್ತನದಲ್ಲಿ ಇನ್ನೊಂದು ಕೇಂದ್ರ ಕಿರಿಕಿರಿ ಮಾಡುತ್ತಿದ್ದರೆ ಉಲ್ಟಾ ಲೆಕ್ಕ ಹಾಕಿ. ಆ ಕಿರಿಕಿರಿ ಅಡಗುವವರೆಗೆ ತಿರುಗಿಸಿ. ಗುಂಯ್ ಎಂಬ ಸದ್ದು ಬಿಡದೇ ಬರುತ್ತಿದ್ದರೆ ಫೋನ್ ಚಾರ್ಜರ್ ಕಿತ್ತು ನೋಡಿ, ಎಲ್‌ಇಡಿ ಬಲ್ಬ್ ಆರಿಸಿ ನೋಡಿ. ಅಪರಾಧಿ ಬಹಳ ಸಲ ಅವೇ.

ಕಾರಿನ ಎಎಂ ರೇಡಿಯೊ ಮನೆಯ ಸಣ್ಣ ಸೆಟ್‌ಗಿಂತ ಚೆನ್ನಾಗಿ ಹಿಡಿಯುವುದುಂಟು. ಆದರೆ ಕೆಲವು ಎಲೆಕ್ಟ್ರಿಕ್ ಕಾರುಗಳಲ್ಲಿ ಎಎಂ ಇರುವುದೇ ಇಲ್ಲ, ಮೋಟಾರಿನ ವ್ಯವಸ್ಥೆಯಿಂದ ಏಳುವ ಗದ್ದಲ ಅದಕ್ಕೆ ಕಾರಣ.

ಗಡಿಯಾರ ನೋಡಿಕೊಳ್ಳಿ

ವೇಳಾಪಟ್ಟಿಯಲ್ಲಿ ಬಹಳ ಸಲ ಅಮೆರಿಕದ ಪೂರ್ವ ತೀರದ ಸಮಯ ಇರುತ್ತದೆ. ಅಲ್ಲಿ ಚಳಿಗಾಲದ ಸಂಜೆ 7.30 ಎಂದರೆ ಯುಟಿಸಿ (ಜಗತ್ತಿಗೆಲ್ಲ ಒಂದೇ ಆದ ಪ್ರಮಾಣ ಸಮಯ) ಲೆಕ್ಕದಲ್ಲಿ ಮರುದಿನದ 00.30. ತಾರೀಕೇ ಬದಲಾಗುತ್ತದೆ. ಇನ್ನೊಂದು ತೊಡಕು: ಅಮೆರಿಕದವರು ನವೆಂಬರ್‌ನ ಮೊದಲ ಭಾನುವಾರ ಗಡಿಯಾರ ಒಂದು ಗಂಟೆ ಹಿಂದಕ್ಕೆ, ಮಾರ್ಚ್‌ನ ಎರಡನೇ ಭಾನುವಾರ ಒಂದು ಗಂಟೆ ಮುಂದಕ್ಕೆ ಹಾಕುತ್ತಾರೆ. ಎರಡೂ ಸೀಸನ್‌ನ ನಡುವೆಯೇ ಬರುತ್ತವೆ. ಲೀಗ್‌ನ ಆ್ಯಪ್ ನಿಮ್ಮ ಫೋನಿನ ಸಮಯಕ್ಕೇ ತೋರಿಸುತ್ತಿದ್ದರೆ ಈ ತಲೆನೋವು ಇಲ್ಲ.

ಟಿವಿಯ ಚಿತ್ರ, ರೇಡಿಯೊದ ಮಾತು

ಚಿತ್ರ ಟಿವಿಯದ್ದು, ಮಾತು ರೇಡಿಯೊದ್ದು ಬೇಕು ಎನ್ನುವವರು ಬಹಳ ಇದ್ದಾರೆ. ಟಿವಿ ಮ್ಯೂಟ್ ಮಾಡಿ ರೇಡಿಯೊ ಹಾಕಿದರೆ ಎರಡೂ ಹೊಂದುವುದಿಲ್ಲ. ಇಂಟರ್ನೆಟ್ ಆಡಿಯೊ ಅರ್ಧ ನಿಮಿಷ, ಕೆಲವೊಮ್ಮೆ ಅದಕ್ಕಿಂತ ಹಿಂದೆ ಇರುವುದು ಮಾಮೂಲು. ಮುಂದೆ ಇರುವುದನ್ನು ನಿಲ್ಲಿಸಿ ಹಿಂದಿರುವುದಕ್ಕೆ ಕಾಯುವುದೇ ಉಪಾಯ. ಗುರುತಿಗೆ ಫ್ರೀ ಥ್ರೋ, ಅಂದರೆ ಫೌಲ್ ಆದಾಗ ಯಾರೂ ಅಡ್ಡ ಬರದಂತೆ ಸಿಗುವ ಎಸೆತ, ಒಳ್ಳೆಯದು. ಟಿವಿಯಲ್ಲಿ ಚೆಂಡು ಕೈಬಿಟ್ಟ ಕ್ಷಣ ತಡೆಹಿಡಿಯುವ (ಪಾಝ್) ಗುಂಡಿ ಒತ್ತಿ, ರೇಡಿಯೊದಲ್ಲಿ ಅದೇ ಎಸೆತದ ಮಾತು ಬಂದಾಗ ಬಿಡಿ. ರೇಡಿಯೊ ಮುಂದಿದ್ದರೆ ಇದನ್ನೇ ತಿರುವುಮುರುವು ಮಾಡಿ. ಗಾಳಿಯಲ್ಲಿ ಬರುವ ಎಎಂ, ಎಫ್‌ಎಂಗೆ ಪಾಝ್ ಗುಂಡಿ ಇರುವುದಿಲ್ಲ, ಆಗ ಈ ಆಟ ನಡೆಯುವುದಿಲ್ಲ.

ಫೋನಿನಲ್ಲಿ ಸ್ಕೋರ್ ನೋಟಿಫಿಕೇಶನ್ ಆಫ್ ಮಾಡಲು ಮರೆಯಬೇಡಿ. ಕಾಮೆಂಟೇಟರ್ ಇನ್ನೂ ‘ಎಸೆದ...’ ಎನ್ನುವಷ್ಟರಲ್ಲಿ ಫೋನ್ ಟಿಂಗ್ ಎಂದು ಗೆದ್ದವರ ಹೆಸರು ಹೇಳಿಬಿಟ್ಟರೆ ಏನು ಉಳಿಯಿತು?

ಕಿವಿ ಪಳಗಿಸುವುದು

ಮೊದಲ ಸಲ ಕೇಳುವವರಿಗೆ ಬಾಸ್ಕೆಟ್‌ಬಾಲ್ ಕಾಮೆಂಟರಿ ಬರೀ ಗಡಿಬಿಡಿ ಅನ್ನಿಸುತ್ತದೆ. ಅದರಲ್ಲೂ ಒಂದು ತಾಳ ಇದೆ. ಎನ್‌ಬಿಎಯಲ್ಲಿ ಚೆಂಡು ಸಿಕ್ಕ ತಂಡ 24 ಸೆಕೆಂಡಿನೊಳಗೆ ಎಸೆಯಲೇಬೇಕು. 1954ರಲ್ಲಿ ಸಿರಾಕ್ಯೂಸ್ ತಂಡದ ಮಾಲೀಕ ಡ್ಯಾನಿ ಬಿಯಾಸೋನ್ ಈ ಲೆಕ್ಕ ಹಾಕಿದರು. 48 ನಿಮಿಷ ಅಂದರೆ 2,880 ಸೆಕೆಂಡು. ಒಳ್ಳೆಯ ಪಂದ್ಯದಲ್ಲಿ ಎರಡೂ ತಂಡ ಸೇರಿ ಸುಮಾರು 120 ಎಸೆತ. ಭಾಗಿಸಿದರೆ 24. ಮಾತಿನ ಓಟವೂ ಇದೇ ಅಳತೆಯದ್ದು. ಚೆಂಡು ಬಂತು, ಸಾಗಿತು, ಎಸೆತ ಆಯಿತು, ಸ್ಕೋರ್ ಹೇಳಿದರು. ಮತ್ತೆ ಮೊದಲಿಂದ.

ಪಂದ್ಯದ ಆರಂಭದಲ್ಲಿ ಯಾವ ತಂಡ ಎಡದಿಂದ ಬಲಕ್ಕೆ ಆಡುತ್ತಿದೆ ಎಂದು ಹೇಳುತ್ತಾರೆ. ಅದನ್ನು ಹಿಡಿದುಕೊಳ್ಳಿ. ಹಾಫ್‌ಟೈಮ್ ಆದ ಮೇಲೆ ದಿಕ್ಕು ಬದಲು. ಆಮೇಲೆ ಅಂಕಣದ ನಾಲ್ಕಾರು ಜಾಗಗಳ ಹೆಸರು ಗೊತ್ತಿದ್ದರೆ ಸಾಕು. ಬುಟ್ಟಿಯ ಮುಂದಿನ ಬಣ್ಣದ ಚೌಕ ಪೇಂಟ್. ಫ್ರೀ ಥ್ರೋ ಗೆರೆಯ ಎರಡು ತುದಿ ಎಲ್ಬೋ. ಆಚೆಯಿಂದ ಎಸೆದರೆ ಮೂರು ಪಾಯಿಂಟ್ ಸಿಗುವ ಗೆರೆಯೇ ಮೂರು ಪಾಯಿಂಟ್ ಗೆರೆ. ಅದರ ನೆತ್ತಿ ಟಾಪ್ ಆಫ್ ದಿ ಕೀ, ಅದರ ಎರಡು ಪಕ್ಕ ವಿಂಗ್, ಮೂಲೆಗಳು ಕಾರ್ನರ್. ‘ಎಡ ವಿಂಗ್‌ನಲ್ಲಿ ಚೆಂಡು, ಗಡಿಯಾರದಲ್ಲಿ ಎಂಟು, ಪೇಂಟ್‌ಗೆ ನುಗ್ಗಿದ, ಹೊರಗೆ ಬಲ ಕಾರ್ನರ್‌ಗೆ ಕೊಟ್ಟ’ ಎಂದಾಗ ಚಿತ್ರ ತಾನಾಗಿ ಮೂಡುತ್ತದೆ. ಕಾರ್ನರ್ ಎಂದ ಕೂಡಲೇ ಕಿವಿ ನಿಮಿರಬೇಕು. ಎನ್‌ಬಿಎಯಲ್ಲಿ ಬುಟ್ಟಿಯಿಂದ ಮೂರು ಪಾಯಿಂಟ್ ಗೆರೆಗೆ ನೆತ್ತಿಯಲ್ಲಿ 23 ಅಡಿ 9 ಇಂಚು, ಕಾರ್ನರ್‌ನಲ್ಲಿ ಬರೀ 22 ಅಡಿ. ಅಷ್ಟು ಹತ್ತಿರ ಅನ್ನುವುದಕ್ಕೇ ಎಲ್ಲರಿಗೂ ಆ ಮೂಲೆ ಇಷ್ಟ.

ಆಟದ ಅವಧಿ ಎಲ್ಲ ಕಡೆ ಒಂದೇ ಅಲ್ಲ. ಎನ್‌ಬಿಎಯಲ್ಲಿ 12 ನಿಮಿಷದ ನಾಲ್ಕು ಕ್ವಾರ್ಟರ್. ಮಹಿಳೆಯರ ಲೀಗ್ ಆದ ಡಬ್ಲ್ಯುಎನ್‌ಬಿಎ ಮತ್ತು ಅಂತರರಾಷ್ಟ್ರೀಯ ಪಂದ್ಯಗಳಲ್ಲಿ 10 ನಿಮಿಷದವು. ಅಮೆರಿಕದ ಪುರುಷರ ಕಾಲೇಜು ಪಂದ್ಯಗಳಲ್ಲಿ 20 ನಿಮಿಷದ ಎರಡು ಹಾಫ್.

ಕಾಮೆಂಟೇಟರ್‌ಗಿಂತ ಮೊದಲು ಸುದ್ದಿ ಕೊಡುವುದು ಜನ. ಆತಿಥೇಯರ ಆಟಗಾರ ಫ್ರೀ ಥ್ರೋಗೆ ನಿಂತರೆ ಅಂಗಳ ಮೌನವಾಗುತ್ತದೆ. ಎದುರಾಳಿ ನಿಂತರೆ ಕೂಗಾಟ, ಗದ್ದಲ. ಯಾರು ಗೆರೆಯ ಮೇಲಿದ್ದಾರೆ ಎಂದು ಹೆಸರು ಹೇಳುವ ಮುಂಚೆಯೇ ಗೊತ್ತಾಗಿಬಿಡುತ್ತದೆ. ಕಣ್ಣು ಕಾಣದ ಅಭಿಮಾನಿಗಳು ಎಷ್ಟೋ ಕಾಲದಿಂದ ಪಂದ್ಯವನ್ನು ಹೀಗೇ ಕೇಳುತ್ತಾ ಬಂದಿದ್ದಾರೆ. ಹೆಡ್‌ಫೋನ್ ಹಾಕಿಕೊಂಡರೆ ಈ ಸದ್ದುಗಳು ಇನ್ನೂ ಬಿಡಿಬಿಡಿಯಾಗಿ ಕೇಳುತ್ತವೆ.

ಕೊನೆಯ ಎರಡು ನಿಮಿಷ

ಬಿಗಿಯಾದ ಪಂದ್ಯದಲ್ಲಿ ಈ ಎರಡು ನಿಮಿಷ ಹತ್ತು ನಿಮಿಷವಾದರೂ ಎಳೆಯುತ್ತದೆ. ಟೈಮ್‌ಔಟ್ ಮೇಲೆ ಟೈಮ್‌ಔಟ್, ಫೌಲ್ ಮೇಲೆ ಫೌಲ್. ಜಾಹೀರಾತು ಬರುತ್ತದೆ, ಇಲ್ಲವೇ ಸ್ಟ್ರೀಮ್ ಪೂರ್ತಿ ಮೌನವಾಗುತ್ತದೆ. ಆಗ ಗಾಬರಿಯಾಗಿ ರಿಫ್ರೆಶ್ ಒತ್ತಬೇಡಿ. ಮತ್ತೆ ಜೋಡಿಸಿಕೊಳ್ಳುವಾಗ ಎಷ್ಟೋ ಆ್ಯಪ್‌ಗಳು ಮೊದಲಿಗೆ ತಮ್ಮದೇ ಜಾಹೀರಾತು ಹಾಕುತ್ತವೆ, ಅಷ್ಟರಲ್ಲಿ ಪಂದ್ಯ ಮುಗಿದಿರುತ್ತದೆ. ಒಂದು ನಿಮಿಷ ತಾಳಿ. ಆಗಲೂ ದನಿ ಬರದಿದ್ದರೆ ಎದುರು ತಂಡದ ಆಡಿಯೊ ತೆರೆಯಿರಿ. ಅದನ್ನು ಪಂದ್ಯಕ್ಕೆ ಮುಂಚೆಯೇ ಹುಡುಕಿ ಇಟ್ಟುಕೊಂಡಿದ್ದರೆ ಎರಡು ಸಲ ಒತ್ತಿದರೆ ಸಾಕು.