ಮಾರ್ಚ್ ಬಿಟ್ಟು ಹಾಲಿನ ಹಣದ ಬಟವಾಡೆ ದಿನ ಹಿಡಿದೆವು: ನಮ್ಮ ಪಂಚಾಯಿತಿಯ ಕರ ವಸೂಲಿಯ ಅನುಭವ

ಕಳೆದ ಆರ್ಥಿಕ ವರ್ಷದ ಕೊನೆಗೆ ನಮ್ಮ ಗ್ರಾಮ ಪಂಚಾಯಿತಿಯ ಡಿಸಿಬಿಯಲ್ಲಿ (ಬೇಡಿಕೆ, ವಸೂಲಿ, ಬಾಕಿಯ ಲೆಕ್ಕಪಟ್ಟಿಯಲ್ಲಿ) ಚಾಲ್ತಿ ಸಾಲಿನ ಮನೆ ಕಂದಾಯದ ವಸೂಲಿ ಶೇ 90ರ ಆಸುಪಾಸಿಗೆ ಬಂದು ನಿಂತಿತು. ನಾನು ಪಿಡಿಒ (ಪಂಚಾಯಿತಿ ಅಭಿವೃದ್ಧಿ ಅಧಿಕಾರಿ) ಆಗಿ ಇಲ್ಲಿಗೆ ವರ್ಗವಾಗಿ ಬಂದಾಗ ಅದು ಶೇ 45ನ್ನೂ ಮುಟ್ಟುತ್ತಿರಲಿಲ್ಲ. ಮಾರ್ಚ್ ತಿಂಗಳ ವಸೂಲಿ ಆಂದೋಲನವನ್ನು ನೆಚ್ಚಿಕೊಳ್ಳದೆ ವರ್ಷವಿಡೀ ಕಂತು ಕಂತಾಗಿ ವಸೂಲಿ ಮಾಡುತ್ತೇನೆಂದು ಹೇಳಿದಾಗ ತಾಲ್ಲೂಕಿನ ಸಹೋದ್ಯೋಗಿಗಳಲ್ಲಿ ಹೆಚ್ಚಿನವರು ಒಪ್ಪಲಿಲ್ಲ. ಇ-ಸ್ವತ್ತು (ಆಸ್ತಿಯ ಗಣಕೀಕೃತ ದಾಖಲೆ) ಬೇಕಾದಾಗ ಮಾತ್ರ ಜನ ಕರ ಕಟ್ಟುತ್ತಾರೆ, ಸುಮ್ಮನೆ ಸಿಬ್ಬಂದಿಯನ್ನು ಅಲೆಸಬೇಡಿ ಎಂಬುದು ಅವರ ಮಾತಾಗಿತ್ತು. ಹಾಗೆ ಹೇಳಿದವರಲ್ಲೇ ಕೆಲವರು ಈಗ ನಮ್ಮ ಜಮೆ ವಹಿಯ (ಲೆಕ್ಕದ ಪುಸ್ತಕದ) ನಮೂನೆಯನ್ನು ಕೇಳಿ ಪಡೆದಿದ್ದಾರೆ. ಪಂಚತಂತ್ರ (ಪಂಚಾಯಿತಿಗಳ ಲೆಕ್ಕಪತ್ರದ ತಂತ್ರಾಂಶ), ಪಿಒಎಸ್ ಯಂತ್ರ (ಸ್ಥಳದಲ್ಲೇ ಹಣ ಪಡೆದು ರಸೀದಿ ಕೊಡುವ ಯಂತ್ರ), ಬೇಡಿಕೆ ಪಟ್ಟಿ (ಯಾವ ಸ್ವತ್ತಿನಿಂದ ಎಷ್ಟು ಕರ ಬರಬೇಕೆಂಬ ಪಟ್ಟಿ) ಇವೆಲ್ಲ ಗೊತ್ತಿರುವವರಿಗೆಂದೇ ಇದನ್ನು ಬರೆಯುತ್ತಿರುವುದರಿಂದ ಅವುಗಳ ಹೆಚ್ಚಿನ ವಿವರಣೆಗೆ ಹೋಗುವುದಿಲ್ಲ. ಅಂಕಿಗಳನ್ನು ನೆನಪಿನಿಂದ ಕೊಟ್ಟಿದ್ದೇನೆ, ಸಾವಿರ ಎರಡು ಸಾವಿರದ ವ್ಯತ್ಯಾಸವಿರಬಹುದು.

ಮೊದಲ ವರ್ಷ ಎಲ್ಲರೂ ಮಾಡುವುದನ್ನೇ ನಾವೂ ಮಾಡಿದೆವು. ಕಸದ ಗಾಡಿಗೆ ಧ್ವನಿವರ್ಧಕ ಕಟ್ಟಿ ಊರೂರಿನಲ್ಲಿ ಸಾರಿಸಿದೆವು. ಅದಕ್ಕೆ ಆರೇಳು ಸಾವಿರ ಖರ್ಚಾಯಿತೇ ಹೊರತು ಅದರಿಂದ ಬಂದ ಕರ ಎಂದು ಬೆರಳು ತೋರಿಸಬಹುದಾದ ಮೊತ್ತವೇ ಇರಲಿಲ್ಲ. ದೊಡ್ಡ ಬಾಕಿದಾರರ ಪಟ್ಟಿಯನ್ನು ಸೂಚನಾ ಫಲಕದಲ್ಲಿ ಅಂಟಿಸಿದಾಗ ಸದಸ್ಯರ ನೆಂಟರಿಷ್ಟರ ಹೆಸರುಗಳೇ ಮೇಲ್ಸಾಲಿನಲ್ಲಿದ್ದುದರಿಂದ ಮುಂದಿನ ಸಾಮಾನ್ಯ ಸಭೆ ಪೂರ್ತಿ ಅದೇ ಗಲಾಟೆಯಲ್ಲಿ ಕಳೆದುಹೋಯಿತು. ನಲ್ಲಿ ಸಂಪರ್ಕ ಕಡಿತ ಇನ್ನೂ ದುಬಾರಿಯಾಯಿತು. ಹಗಲು ಕತ್ತರಿಸಿದ ಪೈಪನ್ನು ರಾತ್ರಿ ಯಾರೋ ಜೋಡಿಸುತ್ತಿದ್ದರು, ಆ ಕಳಪೆ ಜೋಡಣೆಯಲ್ಲಿ ನೀರು ಸೋರಿ ಇಡೀ ಬೀದಿಗೆ ಒತ್ತಡ ಕಡಿಮೆಯಾಗುತ್ತಿತ್ತು, ಕೊನೆಗೆ ದುರಸ್ತಿಗೆ ತಗಲಿದ ವೆಚ್ಚ ಆ ಮನೆಗಳ ಬಾಕಿಯನ್ನೇ ಮೀರಿತು. ಸಂಪರ್ಕ ಕಡಿತದ ಅಧಿಕಾರ ಕೈಯಲ್ಲಿರಲಿ, ಆದರೆ ಅದನ್ನು ವಸೂಲಿಯ ದಾರಿ ಎಂದು ಯಾರೂ ನಂಬಬಾರದು ಎಂಬುದು ಅಂದಿನಿಂದ ನನ್ನ ಖಚಿತ ಅಭಿಪ್ರಾಯ.

ಬದಲಾವಣೆ ಆರಂಭವಾದದ್ದು ವಸೂಲಿಯಿಂದಲ್ಲ, ಬೇಡಿಕೆ ಪಟ್ಟಿಯಿಂದ. ಕರ ವಸೂಲಿಗಾರನೊಬ್ಬನನ್ನೇ ಕಳುಹಿಸಿದರೆ ಹಳೆಯ ಪಟ್ಟಿಯ ಪ್ರಕಾರವೇ ತಿರುಗಿ ಬರುತ್ತಾನೆಂದು ಅವನ ಜೊತೆಗೆ ಆಯಾ ಊರಿನ ನೀರುಗಂಟಿಯನ್ನೂ (ಊರಿಗೆ ನೀರು ಬಿಡುವವನನ್ನೂ) ಸೇರಿಸಿದೆವು. ಯಾವ ಮನೆಯಲ್ಲಿ ಯಾರಿದ್ದಾರೆ, ಯಾವ ನಲ್ಲಿ ಎಲ್ಲಿಂದ ಕವಲೊಡೆದಿದೆ ಎಂಬುದು ನೀರುಗಂಟಿಗೆ ಗೊತ್ತಿರುವಷ್ಟು ಬೇರೆ ಯಾರಿಗೂ ಗೊತ್ತಿರುವುದಿಲ್ಲ. ಪಟ್ಟಿಯಲ್ಲಿದ್ದ ಸುಮಾರು 1,900 ಸ್ವತ್ತುಗಳಲ್ಲಿ ನೂರೈವತ್ತರಷ್ಟು ಬರೀ ಹೆಸರಿಗೆ ಇದ್ದವು: ತಂದೆಯ ಹೆಸರಿನಲ್ಲೊಮ್ಮೆ, ಮಗನ ಹೆಸರಿನಲ್ಲೊಮ್ಮೆ ನಮೂದಾಗಿದ್ದ ಒಂದೇ ಮನೆ, ಬಿದ್ದುಹೋಗಿ ಅಡಿಪಾಯದ ಕಲ್ಲುಗಳೂ ಉಳಿಯದಿದ್ದ ದನದ ಕೊಟ್ಟಿಗೆ, ರಸ್ತೆ ಅಗಲೀಕರಣಕ್ಕೆ ಹೋದ ಅಂಗಡಿ. ಇವುಗಳ ಬಾಕಿ ವರ್ಷದಿಂದ ವರ್ಷಕ್ಕೆ ಬೆಳೆಯುತ್ತಲೇ ಇತ್ತು. ಮತ್ತೊಂದು ಕಡೆ ಐನೂರರಷ್ಟು ಹೊಸ ಮನೆಗಳು ಪಟ್ಟಿಯಲ್ಲೇ ಇರಲಿಲ್ಲ. ರದ್ದುಪಡಿಸಿದ ಪ್ರತಿ ಸ್ವತ್ತಿಗೂ ಸ್ಥಳ ಮಹಜರು, ಫೋಟೊ, ಸಾಮಾನ್ಯ ಸಭೆಯ ನಡಾವಳಿ ಈ ಮೂರನ್ನೂ ಒಂದೇ ಕಡತದಲ್ಲಿಟ್ಟೆವು, ಇಲ್ಲದಿದ್ದರೆ ಲೆಕ್ಕ ತಪಾಸಣೆಯಲ್ಲಿ ಆಕ್ಷೇಪಣೆ ಖಂಡಿತ.

ಈ ಕೆಲಸ ಮುಗಿದಾಗ ಮನೆ ಕಂದಾಯದ ವಾರ್ಷಿಕ ಬೇಡಿಕೆ 11 ಲಕ್ಷದ ಆಸುಪಾಸಿನಿಂದ 16 ಲಕ್ಷದ ಹತ್ತಿರಕ್ಕೆ ಏರಿತು. ಬೇಡಿಕೆ ಏರಿದೊಡನೆ ಶೇಕಡಾವಾರು ವಸೂಲಿ ಕುಸಿಯುತ್ತದೆ, ಪ್ರಗತಿ ಪರಿಶೀಲನಾ ಸಭೆಗಳಲ್ಲಿ ಕೇಳುವುದು ಅದೊಂದೇ ಅಂಕಿಯನ್ನು. ಎರಡು ಸಭೆಗಳಲ್ಲಿ ನಮ್ಮ ಪಂಚಾಯಿತಿಯ ಹೆಸರು ಕೊನೆಯ ಸಾಲಿನಲ್ಲಿತ್ತು, ನೋಟಿಸಿಗೆ ಉತ್ತರವನ್ನೂ ಬರೆಯಬೇಕಾಯಿತು. ಹೆಚ್ಚಿನ ಕಡೆ ಪಟ್ಟಿ ಶುದ್ಧವಾಗದೆ ಉಳಿಯಲು ಇದೇ ಕಾರಣವೆಂದು ನಾನು ತಿಳಿದಿದ್ದೇನೆ. ಒಂದು ವರ್ಷ ಕೆಳಗೆ ಬೀಳುವ ಧೈರ್ಯವಿಲ್ಲದವರು ಮುಂದಿನದಕ್ಕೆ ಕೈಹಾಕದಿರುವುದೇ ಒಳ್ಳೆಯದು.

ಇನ್ನು ವಸೂಲಿಯ ವಿಚಾರ. ನಮ್ಮ ಭಾಗದಲ್ಲಿ ರಾಗಿ, ಜೋಳದ ಹಣ ಬರುವುದು ವರ್ಷಕ್ಕೊಮ್ಮೆ, ಬಂದ ಕೂಡಲೇ ಸಾಲಕ್ಕೆ ಹೋಗುತ್ತದೆ. ಮಾರ್ಚ್ ತಿಂಗಳಿನಲ್ಲಂತೂ ಮದುವೆ, ಜಾತ್ರೆಗಳ ಖರ್ಚು ಎದುರಿಗಿರುತ್ತದೆ. ನಾವು ಇಡೀ ವರ್ಷದ ಕರವನ್ನು ಒಟ್ಟಿಗೆ ಕೇಳುತ್ತಿದ್ದುದು ಮನೆಯಲ್ಲಿ ಹಣವೇ ಇಲ್ಲದ ಆ ತಿಂಗಳಿನಲ್ಲಿ. ಆದರೆ ಹಾಲು ಉತ್ಪಾದಕರ ಸಹಕಾರ ಸಂಘಗಳ ಬಟವಾಡೆ ನಮ್ಮಲ್ಲಿ ಎರಡು ವಾರಕ್ಕೊಮ್ಮೆ ತಪ್ಪದೆ ಆಗುತ್ತದೆ. ಈಗ ಹಣ ನೇರವಾಗಿ ಬ್ಯಾಂಕ್ ಖಾತೆಗೆ ಹೋಗುವ ಸಂಘಗಳಲ್ಲೂ ಅದು ಜಮೆಯಾಗುವ ದಿನ ಪ್ರತಿ ಮನೆಗೂ ಗೊತ್ತಿರುತ್ತದೆ. ಆದ್ದರಿಂದ ಆ ದಿನ ಸಂಜೆ, ಹಾಲು ಹಾಕುವ ಹೊತ್ತಿಗೆ, ಡೇರಿಯ ಬಳಿ ಒಂದು ಮೇಜು, ಪಿಒಎಸ್ ಯಂತ್ರ, ಕ್ಯೂಆರ್ ಫಲಕ ಇಟ್ಟು ಕರ ವಸೂಲಿಗಾರನನ್ನು ಕೂರಿಸುವುದೆಂದು ತೀರ್ಮಾನಿಸಿದೆವು. ನೀರಿನ ಕರ ತಿಂಗಳಿಗೆ, ಮನೆ ಕಂದಾಯ ವರ್ಷಕ್ಕೆ ಮೂರು ನಾಲ್ಕು ಕಂತಿನಲ್ಲಿ.

ಮೊದಲ ಎರಡು ತಿಂಗಳು ಇದು ಪೂರ್ತಿ ಕೆಟ್ಟಿತು. ಹಾಲಿನ ದುಡ್ಡಿನಲ್ಲೇ ಕರ ಹಿಡಿದುಕೊಳ್ಳುತ್ತಾರೆ ಎಂಬ ಸುದ್ದಿ ಹಬ್ಬಿ, ಒಂದು ಊರಿನಲ್ಲಿ ಕೆಲವರು ಖಾಸಗಿ ಡೇರಿಗೆ ಹಾಲು ಹಾಕಲು ಹೊರಟರು, ಸಂಘದ ಕಾರ್ಯದರ್ಶಿ ಮೇಜು ತೆಗೆಯಿರಿ ಎಂದರು. ಅವರ ಆತಂಕ ನ್ಯಾಯವಾಗಿಯೇ ಇತ್ತು. ಮೇಜನ್ನು ಸಂಘದ ಕಟ್ಟಡದಿಂದ ಹೊರಗೆ, ಪಕ್ಕದ ಅರಳಿಕಟ್ಟೆಗೆ ಸ್ಥಳಾಂತರಿಸಿ, ಸಂಘದ ಲೆಕ್ಕಕ್ಕೂ ಪಂಚಾಯಿತಿಗೂ ಸಂಬಂಧವಿಲ್ಲವೆಂದು ಪಂಚಾಯಿತಿ ಅಧ್ಯಕ್ಷರಿಂದಲೇ ಗ್ರಾಮ ಸಭೆಯಲ್ಲಿ ಹೇಳಿಸಿದ ಮೇಲೆ ಜನ ಬರತೊಡಗಿದರು. ಬಂದವರಲ್ಲಿ ಹೆಂಗಸರೇ ಹೆಚ್ಚು. ಬಿಲ್ಲನ್ನು ಮನೆ ಯಜಮಾನನ ಹೆಸರಿನಲ್ಲಿ ಮುದ್ರಿಸಿದರೂ ಅದನ್ನು ಮನೆಯಾಕೆಯ ಕೈಗೇ ಕೊಡಬೇಕೆಂದು ಸಿಬ್ಬಂದಿಗೆ ಹೇಳಿದ್ದೆ. ನೀರಿಲ್ಲದ ದಿನದ ಕಷ್ಟ ಗೊತ್ತಿರುವುದು ಆಕೆಗೆ, ನೂರು ರೂಪಾಯಿಯನ್ನು ಆ ಸಂಜೆಯೇ ತೆಗೆದಿಡುವವಳೂ ಆಕೆಯೇ. ಆರು ತಿಂಗಳು ಕಳೆಯುವಷ್ಟರಲ್ಲಿ ನಾಲ್ಕು ಡೇರಿಗಳಿಂದಲೇ ಒಂದೊಂದು ಬಟವಾಡೆಗೆ ಮೂವತ್ತು ನಲವತ್ತು ಸಾವಿರ ಬರುತ್ತಿತ್ತು. ಹಾಲು ಹಾಕದ ಮನೆಗಳಿಗೆ ಸ್ವಸಹಾಯ ಸಂಘಗಳ ವಾರದ ಸಭೆಯನ್ನು ಬಳಸಿಕೊಂಡೆವು.

ಹಣ ಬಂದ ಮೇಲೆ ಅದು ಎಲ್ಲವೂ ನಮ್ಮದಲ್ಲ ಎಂಬುದನ್ನು ವಹಿಯಲ್ಲೇ ಕಾಣಿಸಬೇಕು. ಮನೆ ಕಂದಾಯದ 100 ರೂಪಾಯಿಗೆ ಆರೋಗ್ಯ ಉಪಕರ 15, ಶಿಕ್ಷಣ 10, ಗ್ರಂಥಾಲಯ 6, ಭಿಕ್ಷುಕರ ಉಪಕರ 3, ಒಟ್ಟು 34 ರೂಪಾಯಿ ಸೇರಿ ಬರುತ್ತದೆ. ಆ 134ನ್ನೂ ಸ್ವಂತ ಆದಾಯವೆಂದು ಆಯವ್ಯಯದಲ್ಲಿ ತೋರಿಸಿ ಖರ್ಚು ಮಾಡಿ, ಕೊನೆಗೆ ಉಪಕರ ಪಾವತಿಸಲು ಹಣವಿಲ್ಲದೆ ಒದ್ದಾಡುವ ಪಂಚಾಯಿತಿಗಳನ್ನು ನಾನು ಬಹಳ ನೋಡಿದ್ದೇನೆ. ನಮ್ಮ ವಹಿಯಲ್ಲಿ ಪ್ರತಿ ವಾರದ ಜಮೆಯನ್ನು ಅಂದೇ ಮೂರು ಅಂಕಣಗಳಿಗೆ ಒಡೆಯುತ್ತೇವೆ: ಉಪಕರ, ಪರಿಶಿಷ್ಟರ ಶೇ 25 ಹಾಗೂ ವಿಕಲಚೇತನರ ಶೇ 5 ಮೀಸಲು, ಉಳಿದದ್ದು. ಸದಸ್ಯರು ಕಾಮಗಾರಿ ಕೇಳಿದಾಗ ತೋರಿಸುವುದು ಮೂರನೆಯ ಅಂಕಣವನ್ನು ಮಾತ್ರ. ಮೀಸಲು ಹಣ ಕಣ್ಣೆದುರೇ ಬೆಳೆಯುವುದರಿಂದ ಅದರ ಕ್ರಿಯಾಯೋಜನೆಯೂ ಫೆಬ್ರುವರಿಗೆ ಕಾಯದೆ ಮೊದಲೇ ತಯಾರಾಗುತ್ತದೆ. 2021–26ರ 15ನೇ ಹಣಕಾಸು ಆಯೋಗದ ಅನುದಾನದಲ್ಲಿ ಶೇ 60 ಕುಡಿಯುವ ನೀರು, ನೈರ್ಮಲ್ಯಕ್ಕೇ ನಿಗದಿಯಾಗಿತ್ತು, ಅದನ್ನು ವೇತನಕ್ಕೆ ಮುಟ್ಟುವಂತೆಯೂ ಇರಲಿಲ್ಲ. ಹೀಗಾಗಿ ಪಂಚಾಯಿತಿ ತನ್ನ ಇಚ್ಛೆಯಂತೆ ಖರ್ಚು ಮಾಡಬಹುದಾದ ಹಣವೆಂದರೆ ಮುಖ್ಯವಾಗಿ ಈ ಮೂರನೆಯ ಅಂಕಣವೇ.

ವಸೂಲಿಯಷ್ಟೇ ಹಣ ಉಳಿಸಿಕೊಟ್ಟದ್ದು ವಿದ್ಯುತ್ ಬಿಲ್ಲು. ತಿಂಗಳಿಗೆ ಎರಡೂವರೆ ಲಕ್ಷದ ಹತ್ತಿರ ಬರುತ್ತಿದ್ದ ಬಿಲ್ಲನ್ನು ಯಾರೂ ಆರ್.ಆರ್. ನಂಬರುವಾರು (ಒಂದೊಂದು ವಿದ್ಯುತ್ ಸಂಪರ್ಕದ ಸಂಖ್ಯೆಯ ಪ್ರಕಾರ) ಬಿಡಿಸಿ ನೋಡಿರಲಿಲ್ಲ. ನೀರುಗಂಟಿಗಳನ್ನು ಕೂರಿಸಿಕೊಂಡು ಒಂದೊಂದೇ ನಂಬರನ್ನು ಓದುತ್ತಾ ಹೋದಾಗ ಎಂಟು ಹತ್ತು ಸಂಪರ್ಕಗಳು ಬತ್ತಿಹೋದ ಕೊಳವೆ ಬಾವಿಗಳದ್ದಾಗಿದ್ದವು. ಮೋಟಾರನ್ನು ಮೇಲೆತ್ತಿ ಬೇರೆಡೆ ಇಳಿಸಿ ವರ್ಷಗಳೇ ಆಗಿದ್ದರೂ ನಿಗದಿತ ಶುಲ್ಕ ಮತ್ತು ಹಳೆಯ ಬಾಕಿಯ ಬಡ್ಡಿ ಏರುತ್ತಲೇ ಇತ್ತು. ಅವುಗಳನ್ನು ರದ್ದು ಮಾಡಿಸಲು ಅರ್ಜಿ, ಜಂಟಿ ಸ್ಥಳ ತನಿಖೆ, ಮತ್ತೆ ಅರ್ಜಿ ಎಂದು ಬಹಳ ಕಾಲ ಹಿಡಿಯಿತು. ಚಾಲ್ತಿಯಲ್ಲಿದ್ದ ಪಂಪುಗಳಿಗೆ ಕೆಪಾಸಿಟರ್ ಹಾಕಿಸಿ ಪವರ್ ಫ್ಯಾಕ್ಟರ್ ದಂಡ (ಮೋಟಾರು ವಿದ್ಯುತ್ತನ್ನು ಸಮರ್ಪಕವಾಗಿ ಬಳಸದಿದ್ದರೆ ಬೀಳುವ ದಂಡ) ತಪ್ಪಿಸಿದೆವು, ಹಗಲೂ ಉರಿಯುತ್ತಿದ್ದ ಬೀದಿ ದೀಪಗಳಿಗೆ ಪ್ರತ್ಯೇಕ ಸ್ವಿಚ್ ತಂತಿ ಎಳೆಸಿದೆವು. ಈಗ ಬಿಲ್ಲು ಒಂದೂಮುಕ್ಕಾಲು ಲಕ್ಷದ ಒಳಗಿದೆ.

ನಡುವೆ ಒಂದು ಬೀದಿಯ ನಲವತ್ತರಷ್ಟು ಮನೆಗಳಿಗೆ ನೀರಿನ ಮೀಟರ್ ಹಾಕಿಸಿ ನೋಡಿದ್ದುಂಟು. ಗಡಸು ನೀರಿಗೆ ಒಂದು ವರ್ಷದೊಳಗೆ ಅರ್ಧದಷ್ಟು ಮೀಟರುಗಳು ಕಚ್ಚಿಕೊಂಡು ನಿಂತವು, ಹಾಕಿದ ಲಕ್ಷದಷ್ಟು ಹಣ ಕರದ ರೂಪದಲ್ಲಿ ಹಿಂದಿರುಗಲಿಲ್ಲ. ಆದರೆ ಟ್ಯಾಂಕಿನಿಂದ ಬಿಟ್ಟ ನೀರಿಗೂ ಮೀಟರುಗಳ ಮೊತ್ತಕ್ಕೂ ಇದ್ದ ಅಂತರದಿಂದಲೇ ನೆಲದೊಳಗಿನ ಒಂದು ದೊಡ್ಡ ಸೋರಿಕೆ ಸಿಕ್ಕಿತು, ಅದನ್ನು ಮುಚ್ಚಿದ ಮೇಲೆ ಆ ಪಂಪು ದಿನಕ್ಕೆ ಒಂದೂವರೆ ಗಂಟೆ ಕಡಿಮೆ ಓಡುತ್ತಿದೆ. ಮನೆ ಮನೆಗೆ ಮೀಟರ್ ಬೇಡ, ಟ್ಯಾಂಕಿನ ಹೊರಹರಿವಿಗೊಂದು ಒಳ್ಳೆಯ ಮೀಟರ್ ಸಾಕು ಎಂದು ಈಗ ಯಾರು ಕೇಳಿದರೂ ಹೇಳುತ್ತೇನೆ.

ಬಾಕಿ ಉಳಿಸಿಕೊಂಡಿದ್ದ ಸದಸ್ಯರು ತಾವೇ ಮೊದಲು ಕಟ್ಟುವಂತೆ ಮಾಡಿದ್ದು ಹೇಗೆಂದು ಹಲವರು ಕೇಳಿದ್ದಾರೆ. ಅದನ್ನು ಬರಹದಲ್ಲಿಡುವುದು ಸರಿಯಲ್ಲ, ಎದುರಿಗೆ ಸಿಕ್ಕಾಗ ಹೇಳುತ್ತೇನೆ. ಯಾವ ಊರಿನಿಂದ ಆರಂಭಿಸಬೇಕೆಂಬ ಲೆಕ್ಕಾಚಾರವೂ ಆಯಾ ಪಂಚಾಯಿತಿಯ ರಾಜಕೀಯಕ್ಕೆ ಸೇರಿದ್ದರಿಂದ ಬಿಟ್ಟಿದ್ದೇನೆ. ಈ ಸಾಲಿನಲ್ಲಿ ಹೆದ್ದಾರಿಯ ಬದಿಯ ವಾಣಿಜ್ಯ ಕಟ್ಟಡಗಳನ್ನು ಟೇಪು ಹಿಡಿದು ಅಳೆಯುವ ಕೆಲಸ ನಡೆದಿದೆ. ಮೂರಂತಸ್ತಿನ ಕಟ್ಟಡಗಳು ಇನ್ನೂ ಹೆಂಚಿನ ಮನೆಯ ದರದಲ್ಲೇ ಇವೆ, ಆಗಸ್ಟ್‌ನ ಜಮಾಬಂದಿಗೆ (ಪಂಚಾಯಿತಿ ಲೆಕ್ಕಪತ್ರಗಳ ವಾರ್ಷಿಕ ಬಹಿರಂಗ ಪರಿಶೀಲನೆಗೆ) ಮುನ್ನ ಅಳತೆ ಮುಗಿದರೆ ಬೇಡಿಕೆಗೆ ಇನ್ನೆರಡು ಲಕ್ಷವಾದರೂ ಸೇರಬೇಕು.