ಕಾಲ್ಪನಿಕ ಲೋಕಕ್ಕೊಂದು ಕ್ಯಾಲೆಂಡರ್ ಕಟ್ಟುವ ಬಗೆ

ಕಾದಂಬರಿಗೋ ಆಟಕ್ಕೋ ಹೊಸ ಲೋಕ ಕಟ್ಟುವವರು ಕ್ಯಾಲೆಂಡರ್ ಎಂದೊಡನೆ ತಿಂಗಳುಗಳ ಹೆಸರು ಹುಡುಕಲು ಕೂರುತ್ತಾರೆ. ಹೆಸರು ಕೊನೆಗಿರಲಿ. ಮೊದಲು ಬೇಕಾದ್ದು ಎರಡೇ ಸಂಖ್ಯೆ: ಆ ಲೋಕದ ದಿನಗಳ ಲೆಕ್ಕದಲ್ಲಿ ವರ್ಷ ಎಷ್ಟು ಉದ್ದ, ಅಮಾವಾಸ್ಯೆಯಿಂದ ಅಮಾವಾಸ್ಯೆಗೆ ಎಷ್ಟು ದಿನ. ಎರಡೂ ದಶಮಾಂಶದಲ್ಲಿರಲಿ. 360 ದಿನದ ವರ್ಷ, 30 ದಿನದ ತಿಂಗಳು ಎಂದು ಶೇಷವಿಲ್ಲದೆ ಭಾಗಿಸಿಬಿಟ್ಟರೆ ಕ್ಯಾಲೆಂಡರಿನ ಜೀವವೇ ಹೋಗುತ್ತದೆ. ಭೂಮಿಯ ವರ್ಷ 365.2422 ದಿನ, ಚಾಂದ್ರಮಾಸ 29.53 ದಿನ, ಒಂದಕ್ಕೊಂದು ಹೊಂದದ ಈ ಉಳಿಕೆಯಿಂದಲೇ ಅಧಿಕಮಾಸ ಹುಟ್ಟಿದ್ದು.

ಹೆಚ್ಚಿನವರು ಎಡವುವುದು ಚಂದ್ರನ ಲೆಕ್ಕದಲ್ಲಿ. ಚಂದ್ರ ಗ್ರಹವನ್ನು ಒಂದು ಸುತ್ತು ಹಾಕುವ ಅವಧಿಯೇ ತಿಂಗಳಲ್ಲ. ಅಷ್ಟರಲ್ಲಿ ಗ್ರಹವೂ ಮುಂದೆ ಸರಿದಿರುವುದರಿಂದ, ಸೂರ್ಯನ ನೇರಕ್ಕೆ ಬರಲು ಚಂದ್ರ ಇನ್ನೂ ಸ್ವಲ್ಪ ದೂರ ಸಾಗಬೇಕು. ನಮ್ಮ ಚಂದ್ರನ ಸುತ್ತು 27.32 ದಿನ, ತಿಂಗಳು 29.53 ದಿನ ಆಗಿರುವುದು ಇದೇ ಕಾರಣಕ್ಕೆ. ಸೂತ್ರ ಸುಲಭ: ಸುತ್ತಿನ ಅವಧಿಯನ್ನು ವರ್ಷದಿಂದ ಗುಣಿಸಿ, ವರ್ಷದಲ್ಲಿ ಸುತ್ತಿನ ಅವಧಿ ಕಳೆದು ಉಳಿದದ್ದರಿಂದ ಭಾಗಿಸಿ. ವರ್ಷ 350.3 ದಿನ, ಸುತ್ತು 26 ದಿನ ಎಂದಿಟ್ಟುಕೊಂಡರೆ ತಿಂಗಳು ಸುಮಾರು 28.1 ದಿನ.

ಇದನ್ನೇ ಮುಂದುವರಿಸೋಣ. ಹನ್ನೆರಡು ತಿಂಗಳಿಗೆ 337.2 ದಿನ, ವರ್ಷಕ್ಕೆ 13.1 ದಿನ ಬಾಕಿ. ಇದನ್ನು ಹಾಗೇ ಬಿಟ್ಟರೆ ಹೊಸವರ್ಷ ಋತುಗಳಲ್ಲಿ ಹಿಂದೆ ಸರಿಯುತ್ತಾ ಸುಮಾರು 27 ವರ್ಷದಲ್ಲಿ ಒಂದು ಸುತ್ತು ಮುಗಿಸುತ್ತದೆ. ಅಲೆಮಾರಿಗಳಿಗೆ, ವ್ಯಾಪಾರಿಗಳಿಗೆ ಇದರಿಂದ ತೊಂದರೆಯಿಲ್ಲ. ಬಿತ್ತುವ ಜನರಿಗೆ ಇದು ಆಗದು. ಅವರಿಗೆ ಅಧಿಕಮಾಸ ಬೇಕೇ ಬೇಕು. ಬಾಕಿಯನ್ನು ವರ್ಷದಿಂದ ವರ್ಷಕ್ಕೆ ಕೂಡುತ್ತಾ ಹೋಗಿ: 13.1, 26.2, 39.3. ಮೂರನೇ ವರ್ಷ 28.1 ದಾಟಿತು, ಅಲ್ಲೊಂದು ಹದಿಮೂರನೇ ತಿಂಗಳು ಸೇರಿಸಿ, ಉಳಿದ 11.2ರಿಂದ ಮತ್ತೆ ಕೂಡಿ. ಹೀಗೆ 3, 5, 7, 9, 11, 13ನೇ ವರ್ಷಗಳಲ್ಲಿ ಅಧಿಕಮಾಸ ಬೀಳುತ್ತದೆ. 15ನೇ ವರ್ಷ ಬಾಕಿ 27.9ಕ್ಕೆ ನಿಲ್ಲುತ್ತದೆ, 0.2 ದಿನ ಕಡಿಮೆ. ಅಲ್ಲೂ ಸೇರಿಸಿಬಿಡಿ, ಚಕ್ರ ಮುಚ್ಚಿಕೊಳ್ಳುತ್ತದೆ: 15 ವರ್ಷಕ್ಕೆ 5254.5 ದಿನ, 187 ತಿಂಗಳಿಗೆ 5254.7 ದಿನ. 75 ವರ್ಷಕ್ಕೆ ಒಂದು ದಿನದ ತಪ್ಪು ಉಳಿಯುತ್ತದೆ. ಅದನ್ನು ಬೇಕೆಂದೇ ಉಳಿಸಿಕೊಳ್ಳಿ. ಭೂಮಿಯ ಮೇಲೆ ಇದೇ ಕೆಲಸ ಮಾಡುವ ಚಕ್ರ 19 ವರ್ಷದ್ದು, 235 ತಿಂಗಳಿನದು.

ತಿಂಗಳ ದಿನಗಳಿಗೆ ಒಂಬತ್ತು ಸಲ 28, ಹತ್ತನೆಯದಕ್ಕೆ 29. ಅಧಿಕಮಾಸವನ್ನೂ ಈ ಎಣಿಕೆಗೆ ಸೇರಿಸಿ. ಇಲ್ಲದಿದ್ದರೆ ಕೆಲವೇ ವರ್ಷದಲ್ಲಿ ಅಮಾವಾಸ್ಯೆ ತಿಂಗಳ ಮೊದಲ ದಿನವನ್ನು ಬಿಟ್ಟು ಜಾರುತ್ತದೆ.

ಅಧಿಕಮಾಸ ಸಾರುವ ಅಧಿಕಾರ ಯಾರದ್ದು ಎಂಬುದನ್ನು ಈಗಲೇ ತೀರ್ಮಾನಿಸಿ, ಕಥೆಗೆ ಅತಿ ಹೆಚ್ಚು ಸಿಗುವುದು ಇಲ್ಲಿಯೇ. ಬಾಡಿಗೆ, ಸಾಲದ ಗಡುವು, ಅಧಿಕಾರಾವಧಿ ಎಲ್ಲವೂ ಒಂದು ತಿಂಗಳು ಹಿಗ್ಗುತ್ತವೆ. ರೋಮ್‌ನಲ್ಲಿ ಈ ಅಧಿಕಾರ ಪುರೋಹಿತ ಮಂಡಳಿಯ ಕೈಯಲ್ಲಿತ್ತು. ಕ್ಯಾಲೆಂಡರ್ ಎಷ್ಟು ಕೆಟ್ಟಿತ್ತೆಂದರೆ, ಸೀಸರ್ ಅದನ್ನು ಸರಿಪಡಿಸಲು ಕ್ರಿ.ಪೂ. 46ನೇ ವರ್ಷವನ್ನು 445 ದಿನಕ್ಕೆ ಎಳೆಯಬೇಕಾಯಿತು. ಎರಡು ರಾಜ್ಯಗಳು ಎರಡು ಪದ್ಧತಿ ಅನುಸರಿಸಿದರೆ ಪತ್ರಗಳ ತಾರೀಖೇ ಹೊಂದುವುದಿಲ್ಲ. ರಷ್ಯಾದ ಅಕ್ಟೋಬರ್ ಕ್ರಾಂತಿ ಹೊಸ ಲೆಕ್ಕದಲ್ಲಿ ನವೆಂಬರ್ 7, 1917ರಂದು ಬಿದ್ದದ್ದು ಹೀಗೆಯೇ.

ಎರಡನೇ ಚಂದ್ರ ಇದ್ದರೆ ತಿಂಗಳುಗಳನ್ನು ಒಂದಕ್ಕೇ ಕಟ್ಟಿ, ಇನ್ನೊಂದು ಹಬ್ಬಗಳಿಗಿರಲಿ. ಅದರ ತಿಂಗಳು 40 ದಿನವಾದರೆ ಎರಡೂ ಚಂದ್ರಗಳು ಸುಮಾರು 94.5 ದಿನಕ್ಕೊಮ್ಮೆ ಆಕಾಶದಲ್ಲಿ ಜೊತೆಯಾಗುತ್ತವೆ. ಜೊತೆಯಾದ ಮಾತ್ರಕ್ಕೆ ಹುಣ್ಣಿಮೆಯಲ್ಲ, ಅವು ಕೂಡುವಾಗ ಯಾವ ಕಲೆಯಾದರೂ ಇರಬಹುದು. ಜೋಡಿ ಹುಣ್ಣಿಮೆ ಇನ್ನೂ ಅಪರೂಪ.

ಕೊನೆಗೆ ಸ್ಪ್ರೆಡ್‌ಶೀಟ್‌ ತೆರೆದು, ಅಮಾವಾಸ್ಯೆಯೊಂದರಿಂದ ಶುರುಮಾಡಿ, ಪ್ರತಿ ದಿನಕ್ಕೂ 0ಯಿಂದ ಕ್ರಮಸಂಖ್ಯೆ ಕೊಡಿ. 7ರಿಂದ ಭಾಗಿಸಿದ ಶೇಷ ವಾರ ಹೇಳುತ್ತದೆ, 350.3ರ ಶೇಷ ಋತು ಹೇಳುತ್ತದೆ, 28.1ರ ಶೇಷ ಚಂದ್ರನನ್ನು. ಈ ಕೊನೆಯ ಶೇಷ 14ರ ಹತ್ತಿರವಿದ್ದರೆ ಸೂರ್ಯಾಸ್ತಕ್ಕೆ ಪೂರ್ಣಚಂದ್ರೋದಯ. 7 ಇದ್ದರೆ ಅರ್ಧಚಂದ್ರ ನಡುರಾತ್ರಿಯ ಸುಮಾರಿಗೆ ಮುಳುಗುತ್ತಾನೆ. 21 ಇದ್ದರೆ ಆಗಷ್ಟೇ ಹುಟ್ಟುತ್ತಾನೆ. ರಾತ್ರಿಯ ದೃಶ್ಯ ಬರೆಯುವ ಮುನ್ನ ಈ ಅಂಕಣ ನೋಡಿಕೊಳ್ಳಿ.